ಮನವಿಯ ಕೊನೆಯ ಸಾಲು

ಮಾರ್ಚ್ ೧೪, ಗುರುವಾರ

ಅವಳು ಇವತ್ತು ನನ್ನನ್ನು ಮೇಡಂ ಎಂದಳು. ಹತ್ತು ವರ್ಷ ನನ್ನ ಜೊತೆ ಒಂದೇ ಚಾಪೆಯ ಮೇಲೆ ಧರಣಿ ಕೂತವಳು! ಪೌರಕಾರ್ಮಿಕರ ಮನವಿ ಹಿಡಿದು, ಈಗ ಪುರಸಭೆ ಅಧ್ಯಕ್ಷೆಯಾಗಿರುವ ನನ್ನ ಮೇಜಿನ ಮುಂದೆ ನಿಂತೇ ಇದ್ದಳು.

"ಕೂತ್ಕೊಳ್ಳೇ."

"ಪರವಾಗಿಲ್ಲ ಮೇಡಂ, ಹೊರಗೆ ಎಲ್ರೂ ಬಿಸಿಲಲ್ಲಿ ನಿಂತಿದಾರೆ."

ಕೈ ಅಭ್ಯಾಸದಂತೆ ಅಂಚಿನಲ್ಲಿ 'ಪರಿಶೀಲಿಸಿ' ಎಂದು ಬರೆದು ಸಹಿ ಹಾಕಿತು. ಆಮೇಲೆ ಓದಿದೆ. ಹಿಂದೆ ನಾನೇ ಬರೆದುಕೊಟ್ಟಿದ್ದ ಮನವಿ, ತಾರೀಖು ಮಾತ್ರ ಹೊಸದು. ಕೊನೆಯ ಸಾಲು: 'ಪರಿಶೀಲಿಸುತ್ತೇವೆ ಎಂಬ ಉತ್ತರ ನಮಗೆ ಬೇಡ.'

ಅವಳೂ ನೋಡಿದಳು, ಕೈಮುಗಿದು ಹೊರಗೆ ಹೋದಳು. ಮೊದಲಾಗಿದ್ದರೆ ಎಲ್ಲರೆದುರೇ ಮಂಗಳಾರತಿ ಎತ್ತುತ್ತಿದ್ದಳು. ಆ ಬೈಗುಳಕ್ಕಾಗಿ ಜೀವ ಹಾತೊರೆಯುತ್ತಿದೆ. "ಏನೇ ಇದು, ನಾಚಿಕೆ ಆಗಲ್ವಾ?" ಎಂದು ಒಂದೇ ಒಂದು ಸಲ ಗದರಿದ್ದರೆ, ಆ ಹಾಳೆ ಹರಿದು, ಕುರ್ಚಿಯಿಂದ ಎದ್ದು, ಅವಳ ಪಕ್ಕ ಬಿಸಿಲಿಗೆ ಹೋಗಿ ನಿಲ್ಲುತ್ತಿದ್ದೆ.