ಸುಮ್ಮನಿದ್ದ ಒಂಬತ್ತು ಸೆಕೆಂಡು

ಸ್ಟುಡಿಯೋದ ಮೇಕಪ್ ಕೋಣೆ,
ಜೂನ್ ೧೪, ಮಂಗಳವಾರ

ಪ್ರೀತಿಯ ಅಮ್ಮಾ,

ಮಂಡಿನೋವು ಹೇಗಿದೆ? ಅಕ್ಕನ ಮನೆಯ ಮೆಟ್ಟಿಲನ್ನು ದಿನಕ್ಕೆ ಒಂದೇ ಸಲ ಹತ್ತುತ್ತೇನೆಂದು ಮಾತು ಕೊಟ್ಟು ಹೋಗಿದ್ದೀಯ. ಮೊಮ್ಮಗಳ ನೆಪ ಹೇಳಬೇಡ.

ಮಗು ಮಲಗುವ ಹೊತ್ತೆಂದು ಅಕ್ಕ ಟೀವಿ ಹಾಕಲು ಬಿಡುವುದಿಲ್ಲ, ಅದಕ್ಕೇ ನಿನ್ನೆಯ ಸಂದರ್ಶನದ ಸುದ್ದಿ ಬರೆಯುತ್ತಿದ್ದೇನೆ. ಎರಡು ವರ್ಷದ ಹಿಂದೆ ಬಸ್ ನಿಲ್ದಾಣದ ಚಾವಣಿ ಕುಸಿದಾಗ ಇದೇ ಮಂತ್ರಿಯ ಮೇಲೆ ಹರಿಹಾಯ್ದಿದ್ದೆನಲ್ಲ, ಮೇಜು ಗುದ್ದಿದ್ದೆ, ಊರೆಲ್ಲ ಶಭಾಷ್ ಎಂದಿತ್ತು. ನೀನೊಬ್ಬಳು ಮಾತ್ರ 'ಅಷ್ಟೊತ್ತು ಕೂಗಿದ್ಯಲ್ಲ, ಅವ್ರು ಏನ್ ಹೇಳಿದ್ರೋ?' ಎಂದಿದ್ದೆ. ಅವರು ಏನೂ ಹೇಳಿರಲಿಲ್ಲ. ನಾನು ಕೂಗಿದಷ್ಟೂ ಪಾಪದ ಮುಖ ಮಾಡಿಕೊಂಡು ಕುಳಿತಿದ್ದರು. ಕೊನೆಗೆ ಜನ ಅವರಿಗೇ ಮರುಗಿದರು.

ಈ ಸಲ ನಿನ್ನ ದಾರಿ ಹಿಡಿದೆ. ಚಿಕ್ಕಂದಿನಲ್ಲಿ ನಾವು ಏನಾದರೂ ಒಡೆದರೆ ಅಪ್ಪ ಗದರುತ್ತಿದ್ದರು, ನಾವು ಸುಳ್ಳು ಹೇಳಿ ಪಾರಾಗುತ್ತಿದ್ದೆವು. ನೀನು ಒಂದೇ ಪ್ರಶ್ನೆ ಕೇಳಿ ಬಟಾಣಿ ಬಿಡಿಸುತ್ತಾ ಕೂರುತ್ತಿದ್ದೆ. ಬುಟ್ಟಿ ಖಾಲಿಯಾಗುವ ಮೊದಲೇ ನಾವು ನಿಜ ಕಕ್ಕುತ್ತಿದ್ದೆವು. ನಾನೂ ಮೆಲ್ಲಗೆ ಕೇಳಿದೆ: ಚಾವಣಿ ಬಿರುಕು ಬಿಟ್ಟಿದೆಯೆಂದು ಎಂಜಿನಿಯರ್ ಬರೆದ ಪತ್ರ ನಿಮ್ಮ ಮೇಜಿಗೆ ಯಾವತ್ತು ಬಂತು? ಅವರು ಅಭಿವೃದ್ಧಿ, ವಿರೋಧ ಪಕ್ಷ ಎಂದು ಊರು ಸುತ್ತಿ ಬಂದರು. ಅದನ್ನೇ ಮತ್ತೆ ಕೇಳಿ ಸುಮ್ಮನಾದೆ. ಕಿವಿಯೊಳಗಿನ ಇಯರ್‌ಫೋನಿನಲ್ಲಿ ನಮ್ಮ ನಿರ್ಮಾಪಕಿ 'ಏನಾದ್ರೂ ಮಾತಾಡಯ್ಯ!' ಎಂದು ಬಡಿದುಕೊಳ್ಳುತ್ತಿದ್ದಳು. ಒಂಬತ್ತು ಸೆಕೆಂಡು! ಮಂತ್ರಿ ನೀರು ಕುಡಿದರು, ಲೋಟ ಕೆಳಗಿಟ್ಟರು, 'ಕುಸಿಯೋಕೆ ಎರಡು ವಾರ ಮೊದ್ಲು ಬಂದಿತ್ತು. ಓದಿದ್ದೆ' ಎಂದರು. ಇವತ್ತು ಬೆಳಿಗ್ಗೆ ತನಿಖೆಗೆ ಆದೇಶವಾಯಿತು. ಸುಳ್ಳೇಕೆ, ಎದೆಯುಬ್ಬಿಸಿಕೊಂಡೇ ಓಡಾಡುತ್ತಿದ್ದೇನೆ.

ಅಕ್ಕನನ್ನೂ ಭಾವನನ್ನೂ ಕೇಳಿದೆನೆಂದು ಹೇಳು. ಪುಟ್ಟಿಗೆ ಎರಡು ಮುತ್ತು, ನಿನ್ನ ಮಂಡಿಗೆ ವಿಶ್ರಾಂತಿ.

ನಿನ್ನ,
ಬಾಯಿಬಡುಕ

ಮರೆತಿದ್ದೆ ಎನ್ನಲಾರೆ, ಬರೆಯಲು ಧೈರ್ಯ ಸಾಲದೆ ಕೊನೆಗಿಟ್ಟೆ. ನೀನು ಅಕ್ಕನ ಮನೆಗೆ ಹೊರಡುವ ಮೊದಲು, ಮಂತ್ರಿ ಮತ್ತೆ ಬರುತ್ತಾರೆಂದು ನಾನು ಹೇಳಿದಾಗ, ನೀನು ಬಟಾಣಿ ಬಿಡಿಸುತ್ತಾ ಕೇಳಿದ್ದೆ: 'ಹೋದ್ಸಲ ನೀನು ಕೇಳಿ ಮುಗಿಸೋ ಮೊದ್ಲೇ ಅವ್ರು ತಲೆ ಅಲ್ಲಾಡಿಸ್ತಿದ್ರು. ಪ್ರಶ್ನೆ ಮೊದ್ಲೇ ಕಳಿಸಿದ್ಯಾ?' ಫೋನ್ ಬಂತೆಂದು ನಾನು ಎದ್ದು ಹೋದೆ. ಯಾವ ಫೋನೂ ಬಂದಿರಲಿಲ್ಲ. ಹೌದಮ್ಮಾ, ಆ ಸಲ ಕಳಿಸಿದ್ದೆ, ಇಲ್ಲದಿದ್ದರೆ ಅವರು ಬರುವುದಿಲ್ಲವೆಂಬ ಭಯಕ್ಕೆ. ಆಮೇಲಿನ ಕೂಗಾಟವೆಲ್ಲ ಅದನ್ನು ಮುಚ್ಚುವುದಕ್ಕೆ. ಶನಿವಾರದ ಕಾರ್ಯಕ್ರಮದಲ್ಲಿ ಇದನ್ನೇ ಮೊದಲು ಹೇಳುತ್ತೇನೆ. ಕೆಲಸ ಉಳಿಯುತ್ತದೋ ಇಲ್ಲವೋ ಗೊತ್ತಿಲ್ಲ, ಆದರೆ ನಿನಗೆ ಮೊದಲು ಗೊತ್ತಾಗಬೇಕಿತ್ತು. ಏಳು ಗಂಟೆಗೆ, ಅಕ್ಕನ ಜೊತೆ ಜಗಳವಾಡಿಯಾದರೂ ಟೀವಿ ಹಾಕಿಸಿಕೋ.