ಹುಟ್ಟಿದ ದಿನ ತಿದ್ದಿಸಿಕೊಂಡವರ ಸಾಲು

ಬುಧವಾರ, ೧೪ನೇ ತಾರೀಖು
ಆಟಗಾರ್ತಿಯರ ವಸತಿಗೃಹ, ಎರಡನೇ ಮಹಡಿ

ಪ್ರೀತಿಯ ತಂಗಿಗೆ,

ಇಲ್ಲಿ ನಾನೂ ನನ್ನ ಬಲಮಂಡಿಯೂ ಕ್ಷೇಮ. ಇದನ್ನು ಮೊದಲೇ ಹೇಳಿಬಿಟ್ಟರೆ ಉಳಿದದ್ದನ್ನು ನೀನು ನಿಧಾನವಾಗಿ ಓದುತ್ತೀಯ. ನಿನ್ನೆ ಫೋನಿನಲ್ಲೇ ಎಲ್ಲವನ್ನೂ ಹೇಳಬೇಕೆಂದಿದ್ದೆ. ಆದರೆ ನೀನು ಮಾತಿನ ನಡುವೆ ನಗುತ್ತೀಯ, ನೀನು ನಕ್ಕರೆ ನಾನು ಮಿಕ್ಕದ್ದನ್ನು ನುಂಗಿಕೊಳ್ಳುತ್ತೇನೆ. ಅದಕ್ಕೇ ಈ ಕಾಗದ.

ನಮ್ಮ ಲೀಗ್ ಶುರುವಾಯಿತು. ಆರು ತಂಡ, ಎಪ್ಪತ್ತೆರಡು ಹೆಂಗಸರು. ವಾಲಿಬಾಲ್ ಆಡುವುದೇ ನಮ್ಮ ಕೆಲಸ, ಆಡಿದ್ದಕ್ಕೇ ಸಂಬಳ. ಇಷ್ಟು ವರ್ಷ ಕ್ಲಬ್ಬಿನಲ್ಲಿ ಮಕ್ಕಳಿಗೆ ಸರ್ವ್ ಹೇಳಿಕೊಟ್ಟು, ಅವರು ಮನೆಗೆ ಹೋದ ಮೇಲೆ ಒಬ್ಬಳೇ ಗೋಡೆಗೆ ಚೆಂಡು ಹೊಡೆಯುತ್ತಿದ್ದವಳಿಗೆ ಇದು ಎಂಥದೆಂದು ನಿನಗೆ ವಿವರಿಸಬೇಕಾಗಿಲ್ಲ. ಆದರೆ ಮೊದಲ ಪಂದ್ಯಕ್ಕೆ ನಾಲ್ಕು ದಿನವಿರುವಾಗ ನಾನು ಪೆಟ್ಟಿಗೆ ಕಟ್ಟಿಕೊಂಡು ಹೊರಡುವುದರಲ್ಲಿದ್ದೆ. ಅದನ್ನು ನಿನಗೆ ಹೇಳಿರಲಿಲ್ಲ.

ಲೀಗಿನ ಮುಖ್ಯಸ್ಥೆ ಹಳೆಯ ಆಟಗಾರ್ತಿ. ಅವರ ಎತ್ತರ ನೋಡಿ ಎಲ್ಲರೂ ಕಂಬಕ್ಕ ಎನ್ನುತ್ತಾರೆ, ಎದುರಿಗೂ. ಆ ದಿನ ಬೆಳಗ್ಗೆ ನಾವೆಲ್ಲ ತಿಂಡಿ ತಿನ್ನುತ್ತಿದ್ದಾಗ ಒಂದು ಕಟ್ಟು ಅರ್ಜಿ ಹಿಡಿದು ಬಂದರು. ಪ್ರತಿಯೊಬ್ಬ ಆಟಗಾರ್ತಿಗೂ ವಿಮೆ ಮಾಡಿಸುತ್ತಿದ್ದಾರೆ, ಕೈಕಾಲು ಮುರಿದರೆ ಆಸ್ಪತ್ರೆಯ ಖರ್ಚು ವಿಮೆಯವರದು, ಆದರೆ ಹುಟ್ಟಿದ ದಿನ ಸುಳ್ಳೆಂದು ತಿಳಿದರೆ ಅವರು ಕೈ ತೊಳೆದುಕೊಳ್ಳುತ್ತಾರೆ ಎಂದು ವಿವರಿಸಿದರು. ಆಮೇಲೆ ದನಿ ಏರಿಸದೆ ಹೇಳಿದರು:

“ಯಾರ್ಯಾರದು ಸುಳ್ಳು ಅಂತ ನಾನು ಕೇಳಲ್ಲ. ಸಂಜೆ ಐದರ ತನಕ ಆಫೀಸಿನ ಬಾಗಿಲು ತೆಗೆದಿರತ್ತೆ. ಬಂದು ಸರಿಯಾದ್ದು ಬರೆಸಿ. ಐದರ ಮೇಲೆ ಸಿಕ್ಕಿಬಿದ್ರೆ ನಾನು ನಿಮ್ಮ ಅಕ್ಕ ಅಲ್ಲ.”

ಆಡಿದವರಿಗೆಲ್ಲ ಇದು ಗೊತ್ತಿರುವ ವಿಷಯವೇ. ಕಿರಿಯರ ತಂಡದಲ್ಲಿ ಇನ್ನೊಂದು ವರ್ಷ ಆಡಲಿ ಎಂದು ಶಾಲೆಯಲ್ಲಿ ವಯಸ್ಸು ಇಳಿಸುತ್ತಾರೆ. ಯಾರೂ ಅದನ್ನು ಕಳ್ಳತನ ಎಂದುಕೊಳ್ಳುವುದಿಲ್ಲ. ಉದ್ದವಾದ ಲಂಗದ ಅಂಚು ಮಡಚಿ ಹೊಲಿದ ಹಾಗೆ, ಅಷ್ಟೆ. ಬಿಚ್ಚುವ ದಿನ ಬರುತ್ತದೆಂದು ಯಾರು ಕಂಡಿದ್ದರು?

ನನ್ನ ಕಥೆಯಂತೂ ನಮ್ಮ ಮನೆಯಲ್ಲಿ ಹೇಳಿ ಹೇಳಿ ಸವೆದಿದೆ. ಹದಿನಾರರೊಳಗಿನವರ ತಂಡಕ್ಕೆ ನಮ್ಮ ಶಾಲೆಯಿಂದ ಒಬ್ಬಳಿಗೆ ಜಾಗವಿತ್ತು, ನನಗೆ ಹದಿನೇಳಾಗಿತ್ತು, ಆಟದ ಮೇಷ್ಟ್ರು ಎರಡು ವರ್ಷ ಇಳಿಸಿ ಕಳಿಸಿದರು. ನನಗಿಂತ ಒಂದೂವರೆ ವರ್ಷ ಚಿಕ್ಕವಳಾದ ನೀನು ಆವತ್ತಿನಿಂದ ಕಾಗದದ ಮೇಲೆ ನನಗಿಂತ ಆರು ತಿಂಗಳು ದೊಡ್ಡವಳಾದೆ. “ಅಕ್ಕನ ಮಾತು ಕೇಳೇ” ಎಂದು ನನ್ನಿಂದ ನೀರು ತರಿಸಿಕೊಂಡು ಕುಡಿಯುತ್ತಿದ್ದೆ. ನಾನೂ ತಂದುಕೊಡುತ್ತಿದ್ದೆ.

ಈಗ ನೋಡು ಸಂಕಟ. ಮೂವತ್ತೈದು ದಾಟಿದವರ ಮಂಡಿಯನ್ನು ಡಾಕ್ಟರು ಬೇರೆಯಾಗಿ ಪರೀಕ್ಷಿಸಬೇಕು, ಅವರು ಒಪ್ಪದಿದ್ದರೆ ತಂಡದಿಂದ ಹೊರಗೆ, ಇದು ಲೀಗಿನ ನಿಯಮ. ಕಾಗದದಲ್ಲಿ ನನಗೆ ಮೂವತ್ತನಾಲ್ಕು, ನಿಜವಾಗಿ ಮೂವತ್ತಾರು. ಮೂರು ವರ್ಷದಿಂದ ನನ್ನ ಬಲಮಂಡಿ ಆಟ ಮುಗಿದೊಡನೆ ಊದಿಕೊಳ್ಳುತ್ತದೆ. ಯಾರಿಗೂ ತೋರಿಸಿಲ್ಲ, ನಿನಗೂ. ಬಾಯಿ ಮುಚ್ಚಿಕೊಂಡಿದ್ದರೆ ಆಡಬಹುದಿತ್ತು. ಸರಿಯಾದ ದಿನ ಬರೆಸಿದರೆ ಮಂಡಿಯನ್ನೂ ತೋರಿಸಬೇಕಿತ್ತು.

ಮಧ್ಯಾಹ್ನದ ತನಕ ಆಫೀಸಿನ ಕಡೆ ಯಾರೂ ಸುಳಿಯಲಿಲ್ಲ. ನಾನು ಕೋಣೆಯಲ್ಲಿ ಬಟ್ಟೆ ಮಡಚಿದೆ, ಬಿಚ್ಚಿದೆ, ಮತ್ತೆ ಮಡಚಿದೆ. ಮೂರು ಗಂಟೆಗೆ ಕಾರಿಡಾರಿನಲ್ಲಿ ನಗು ಕೇಳಿ ಹೊರಗೆ ಬಂದೆ. ಎಲ್ಲರಿಗಿಂತ ಮೊದಲು ಹೋದವಳು, ಲೀಗಿನ ಅತಿ ಕಿರಿಯ ಹೊಡೆತಗಾರ್ತಿ ಎಂದು ಗೋಡೆಗಳ ಮೇಲೆಲ್ಲ ಚಿತ್ರ ಹಾಕಿಸಿಕೊಂಡವಳೇ. “ನನಗೊಂದು ಮೂರು ವರ್ಷ ಕೊಡಿ” ಎಂದಳಂತೆ. ಅವಳ ಬೆನ್ನಿಗೇ ಸಾಲು ಬೆಳೆಯಿತು. ಆಫೀಸಿನ ಬಾಗಿಲಿಂದ ಮೆಟ್ಟಿಲಿಳಿದು ಕುಡಿಯುವ ನೀರಿನ ನಲ್ಲಿಯವರೆಗೆ, ಒಬ್ಬಳಿಗಿಂತ ಒಬ್ಬಳು ಎತ್ತರದ ಹೆಂಗಸರು, ವಯಸ್ಸು ಹೆಚ್ಚಿಸಿಕೊಳ್ಳಲು ನಿಂತಿದ್ದರು. ತಳ್ಳಾಟ ಬೇರೆ. ಬರೆದುಕೊಳ್ಳುತ್ತಿದ್ದ ಗುಮಾಸ್ತೆ ತಲೆಯೆತ್ತದೆ, “ನಿಧಾನ, ನಿಧಾನ. ವಯಸ್ಸು ಎಲ್ಲರಿಗೂ ಸಾಕಾಗುವಷ್ಟಿದೆ” ಎನ್ನುತ್ತಿದ್ದಳು.

ನಾನು ಹೋಗಿ ನಿಂತೆ. ಯೋಚಿಸಿ ನಿಂತೆ ಎಂದರೆ ಸುಳ್ಳಾಗುತ್ತದೆ. ಅಷ್ಟು ಜನ ನಿಂತಿದ್ದರು, ಕಾಲು ಹೋಯಿತು. ನನ್ನ ಕೋಣೆಯ ಜೊತೆಗಾರ್ತಿ, ಹತ್ತೊಂಬತ್ತರ ಹುಡುಗಿ, ತಮಾಷೆ ನೋಡಲು ಬಂದವಳು ಕೇಳಿದಳು:

“ನಿಮಗೆಷ್ಟಕ್ಕಾ?”

“ಎರಡು.”

“ಅಷ್ಟೇನಾ? ನಾನು ಐದಾದ್ರೂ ಇರತ್ತೆ ಅಂದ್ಕೊಂಡಿದ್ದೆ.”

ನಾನು ಹುಟ್ಟಿದ ಆಸ್ಪತ್ರೆಯ ಚೀಟಿ ಬೇಕೆಂದು ಅಮ್ಮನಿಗೆ ಫೋನ್ ಮಾಡಿದೆ. ಹತ್ತು ನಿಮಿಷದಲ್ಲಿ ಅದರ ಫೋಟೋ ಬಂತು, ಹಿಂದೆಯೇ ಬೈಗುಳವೂ. ಹೆತ್ತವಳನ್ನು ಕೇಳದೆ ತಿದ್ದಿದಿರಿ, ಈಗ ಹೆತ್ತವಳೇ ಬೇಕಾಯಿತೇ ಎಂದಳು.

ಮರುದಿನ ಡಾಕ್ಟರ ಕೋಣೆ. ಬಿಳಿಯ ಹಲಗೆಯ ಮೇಲೆ ಕೂರಿಸಿ ಮಂಡಿಯನ್ನು ಅತ್ತ ಇತ್ತ ತಿರುಗಿಸಿದರು, ಒಂಟಿ ಕಾಲಿನಲ್ಲಿ ಕುಪ್ಪಳಿಸಲು ಹೇಳಿದರು. ಹನ್ನೊಂದನೆಯದಕ್ಕೆ ನಾನು ಮುಖ ಕಿವುಚಿದೆ. ಎಷ್ಟು ದಿನದಿಂದ ಎಂದು ಕೇಳಿದಾಗ ಮೂರು ವರ್ಷ ಎಂದೆ. ಹಿಂದಿನ ದಿನ ಒಂದು ನಿಜ ಹೇಳಿಯಾಗಿತ್ತಲ್ಲ, ಎರಡನೆಯದಕ್ಕೆ ಅಷ್ಟು ಕಷ್ಟವಾಗಲಿಲ್ಲ. ಡಾಕ್ಟರು ಬಹಳ ಹೊತ್ತು ಬರೆದರು. ನಾನು ಗೋಡೆಯ ಮೇಲಿದ್ದ ಎಲುಬಿನ ಚಿತ್ರದ ಹೆಸರುಗಳನ್ನೆಲ್ಲ ಓದಿ ಮುಗಿಸಿದೆ. ಕೊನೆಗೆ, “ಮಂಡಿ ಹಾಳಾಗಿಲ್ಲಮ್ಮ. ಹಾರೋದು ನಿಲ್ಸಿ. ನೆಲದ ಮೇಲೆ ಎಷ್ಟು ಬೇಕಾದ್ರೂ ಆಡಿ” ಎಂದರು.

ಹೊರಗೆ ಬಂದು ಮೆಟ್ಟಿಲ ಮೇಲೆ ಕೂತೆ. ಅಳು ಬರುತ್ತದೆಂದುಕೊಂಡೆ. ಬಂದದ್ದು ಆಕಳಿಕೆ.

ಈಗ ನಾನು ಲಿಬೆರೊ. ಬಲೆಯ ಬಳಿ ಹೋಗುವಂತಿಲ್ಲ, ಹಾರಿ ಹೊಡೆಯುವಂತಿಲ್ಲ. ಹಿಂದೆ ನಿಂತು ಎದುರಾಳಿಯ ಚೆಂಡು ನೆಲ ಮುಟ್ಟದಂತೆ ಎತ್ತಿಕೊಡುವುದು ಕೆಲಸ. ತಂಡದವರೆಲ್ಲ ನೀಲಿ ಅಂಗಿ, ನನಗೊಬ್ಬಳಿಗೆ ಹಳದಿ. ಇಪ್ಪತ್ತು ವರ್ಷ ಹೊಡೆದದ್ದಕ್ಕೆ ಇನ್ನು ಮೇಲೆ ಹೊಡೆಸಿಕೊಳ್ಳುವ ಪಾಳಿ ಎಂದು ಕಂಬಕ್ಕ ಛೇಡಿಸಿದರು.

ಮೊದಲ ಪಂದ್ಯ ಮೊನ್ನೆ ಆಯಿತು. ಅಷ್ಟು ಜನರ ಎದುರು, ಅಷ್ಟು ಭಾಷಣಗಳಾದ ಮೇಲೆ, ಲೀಗಿನ ಮೊಟ್ಟಮೊದಲ ಸರ್ವ್ ನೇರವಾಗಿ ಬಲೆಗೆ ಬಿತ್ತು. ಕ್ರೀಡಾಂಗಣವೇ ನಕ್ಕಿತು, ಹೊಡೆದವಳೂ ನಕ್ಕಳು, ನಮ್ಮೆಲ್ಲರ ಭುಜ ಸಡಿಲವಾಯಿತು. ನಾವು ಮೂರು ಸೆಟ್ ಗೆದ್ದೆವು, ಒಂದು ಸೋತೆವು. ನಾನು ಹದಿನೇಳು ಚೆಂಡು ಎತ್ತಿದೆನಂತೆ. ಮಂಡಿ ಊದಲಿಲ್ಲ.

ಭಾನುವಾರದ ಪಂದ್ಯಕ್ಕೆ ನಿನ್ನ ಕನ್ನಡಕದ ಅಂಗಡಿಗೆ ರಜೆ ಹಾಕಿ ಬರುತ್ತೇನೆಂದು ನಿನ್ನೆ ನೀನು ಹೇಳಿದೆಯಲ್ಲ, ಆಗಿನಿಂದ ನನ್ನ ಕಾಲು ನೆಲದ ಮೇಲಿಲ್ಲ. ಆ ಶಾಲೆಯ ದಿನಗಳ ನಂತರ ನೀನು ನನ್ನ ಒಂದು ಆಟವನ್ನೂ ನೋಡಿಲ್ಲ. ಕಾರಣ ನಾನು ಕೇಳಿಲ್ಲ, ನೀನು ಹೇಳಿಲ್ಲ. ಊಟ ಇಲ್ಲಿಯೇ ಮಾಡಬಹುದು, ಅಡುಗೆಯವರಿಗೆ ಹೇಳಿದ್ದೇನೆ.

ಈಗ ಕಾಗದದ ಮೇಲೂ,
ನಿನ್ನ ಅಕ್ಕ

ತಾ.ಕ.: ಲಕೋಟೆಗೆ ಅಂಟು ಹಚ್ಚಿ, ಮತ್ತೆ ಬಿಚ್ಚಿದೆ. ಮೇಲೆ ಮೇಷ್ಟ್ರ ವಿಷಯ ಬರೆದೆನಲ್ಲ, ಅದು ಹಾಗಲ್ಲ. ಆ ಒಂದು ಜಾಗಕ್ಕೆ ಅವರು ಬರೆದಿದ್ದು ನಿನ್ನ ಹೆಸರು. ನಿನ್ನ ಬೆರಳಿಗೆ ಬಂದ ಚೆಂಡು ಹೇಳಿದಲ್ಲಿಗೆ ಹೋಗುತ್ತದೆ ಎನ್ನುತ್ತಿದ್ದರು. ಸಹಿ ಹಾಕಲು ನಿನ್ನನ್ನು ಕರೆತಾ ಎಂದು ನನ್ನನ್ನು ಕಳಿಸಿದರು. ನಾನು ಶಾಲೆಯ ಗೇಟಿನವರೆಗೆ ಹೋಗಿ ತಿರುಗಿ ಬಂದು, “ಅವಳಿಗೆ ಆಟ ಬೇಡವಂತೆ ಸರ್” ಎಂದೆ. ಹಾಗಾದರೆ ಜಾಗ ಹಾಳಾಗುತ್ತದಲ್ಲ ಎಂದು ಅವರು ಪೇಚಾಡಿದರು. ವಯಸ್ಸು ಇಳಿಸಿ ಎಂದು ಕೇಳಿದವಳು ನಾನೇ. ಅವರು ಒಪ್ಪಲು ಎರಡು ದಿನ ಹಿಡಿಯಿತು. ಅಕ್ಕನನ್ನು ಆರಿಸಿ ನಿನ್ನನ್ನು ಬಿಟ್ಟರೆಂದು ನೀನು ಕೊನೆಯತನಕ ಅವರನ್ನು ಮಾತಾಡಿಸಲಿಲ್ಲ. ನೀನೇ ಬೇಡವೆಂದೆ ಎಂದು ಅವರು ಕೊನೆಯತನಕ ನಂಬಿದ್ದರು. ಇಬ್ಬರ ನಡುವೆ ನಿಂತು ನಾನು ಸುಮ್ಮನಿದ್ದೆ.

ಇದನ್ನು ತಿಳಿಯದೆ ನೀನು ಬಂದು ನನಗೆ ಚಪ್ಪಾಳೆ ತಟ್ಟುವುದು ಬೇಡ. ಟಿಕೆಟ್ ಮೊದಲನೇ ಬಾಗಿಲಿನಲ್ಲಿದೆ, ಎರಡನೇ ಸಾಲು, ತುದಿಯ ಕುರ್ಚಿ. ನೀನು ಬರದಿದ್ದರೂ ಅಲ್ಲಿ ಬೇರೆ ಯಾರನ್ನೂ ಕೂರಿಸಬಾರದೆಂದು ಹೇಳಿದ್ದೇನೆ.