ಚರಗದ ಕೂಗು

ಮಣ್ಣೂರ
27 ಜನವರಿ 1997

ಚಿ. ಸೌ. ಶಿವಕಾಂತಾಳಿಗೆ,

ನಿನ್ನ ಗಂಡ ದೌಲತರಾಯ ಭೀಮೆಯ ದಂಡೆಯಿಂದ ಹರಸಿ ಬರೆಯುವುದೇನೆಂದರೆ, ಇತ್ತ ಎಲ್ಲರೂ ಕ್ಷೇಮ. ಆ ಎಲ್ಲರಲ್ಲಿ ನಾನೂ ಒಬ್ಬನೆಂದು ತಿಳಿದುಕೊ.

ನಿನ್ನ ವಿಡಿಯೊ ಕ್ಯಾಸೆಟ್ಟು, ಪತ್ರ ಎರಡೂ ಮುಟ್ಟಿದವು. ಮನೆ ಬಿಟ್ಟು ಹೋದ ಈ ನಾಲ್ಕು ವರ್ಷದಲ್ಲಿ ನೀನು ಬರೆದ ಉದ್ದನೆಯ ಪತ್ರ ಇದೇ. ಮುಂಬಯಿಯ ಕಲಾ ಗ್ಯಾಲರಿಯಲ್ಲಿ ಎರೆಮಣ್ಣು ಹರವಿ, ಮೂಲೆಗೊಂದು ಟಿ.ವಿ. ಇಟ್ಟು ಅದರಲ್ಲಿ ನಮ್ಮ ಹೊಲ ತೋರಿಸುತ್ತ, ನಡುವೆ ನೀನು ಬುಟ್ಟಿ ಹಿಡಿದು ಭೂಮಿತಾಯಿಗೆ ಹಬ್ಬದ ಅಡುಗೆಯ ಚರಗ ಚೆಲ್ಲುತ್ತ, ಕೂಗುತ್ತ ನಡೆದೆಯಂತೆ. ಜನ ಉಸಿರು ಬಿಗಿಹಿಡಿದು ನೋಡಿ, ಚಪ್ಪಾಳೆ ತಟ್ಟಿ ಹೋದರಂತೆ. ಒಬ್ಬರೂ ಓಗೊಡಲಿಲ್ಲವಂತೆ. ಎಳ್ಳ ಅಮಾವಾಸ್ಯೆಗೆ ಹೊಲದಲ್ಲಿ ಮುಂದಿನವರು ಕೂಗಿದರೆ ಹಿಂದಿನವರು ನೀರು ಚಿಮುಕಿಸುತ್ತ ಓಗೊಡಬೇಕೆಂಬುದು ಆ ಜನಕ್ಕೆ ಹೇಗೆ ಗೊತ್ತಾಗಬೇಕು? ಅಷ್ಟಕ್ಕೇ ನೀನು ಇಷ್ಟು ಮನಸ್ಸಿಗೆ ಹಚ್ಚಿಕೊಳ್ಳಬಾರದಿತ್ತು.

ಈ ಕ್ಯಾಸೆಟ್ಟನ್ನು ಊರಲ್ಲಿ ತೋರಿಸಿ ನೋಡಿರಿ, ಅಲ್ಲಿಯೂ ಯಾರೂ ಓಗೊಡದಿದ್ದರೆ ಈ ಕೆಲಸವನ್ನೆಲ್ಲ ಬಿಟ್ಟು ಮನೆಗೆ ಬಂದುಬಿಡುತ್ತೇನೆ ಎಂದು ಬರೆದಿದ್ದೀಯ. ಆ ಸಾಲನ್ನು ಅವ್ವನಿಗೆ ಎರಡು ಸಲ ಓದಿ ಹೇಳಿದೆ.

ಅಫಜಲಪುರದ ವಿಡಿಯೊ ಅಂಗಡಿಯ ದಾವಲಸಾಬನನ್ನು ಟಿ.ವಿ., ವಿಸಿಆರ್ ಸಮೇತ ಕರೆತಂದೆ. ಪಡಸಾಲೆ ತುಂಬ ಜನ. ನೀನು ಕಾಣಿಸಿದೊಡನೆ ಅವ್ವ "ಭಾಳ ಸೊರಗ್ಯಾಳಲ್ಲೋ" ಎಂದಳು. ನನಗೂ ಹಾಗೆಯೇ ಕಂಡಿತು. ನೀನು ಕೂಗುತ್ತಲೇ ಇದ್ದೆ. ಹೇಳಲು ಸಂಕಟವಾಗುತ್ತದೆ, ಕೇಳಿದ್ದೀಯೆಂದು ಬರೆಯುತ್ತೇನೆ. ಇಲ್ಲಿಯೂ ಯಾರೂ ಓಗೊಡಲಿಲ್ಲ. ಚಹಾ ಕುಡಿದು ಎದ್ದು ಹೋದರು.

ಆದ್ದರಿಂದ ಬಂದುಬಿಡು. ಹಿಂದಿನ ಕೋಣೆಯ ತೊಗರಿ ಚೀಲಗಳನ್ನು ಹೊರಗೆ ಹಾಕಿಸಿ ಸುಣ್ಣ ಬಳಿಸಿದ್ದೇನೆ. ಕ್ಯಾಮೆರಾ ತಂದರೂ ನನ್ನ ತಕರಾರಿಲ್ಲ, ಇಡಲು ಜಾಗವಿದೆ. ಅವ್ವ ಬೇಗ ಉಂಡು ಮಲಗುತ್ತಾಳೆ. ನಾನು ಊಟಕ್ಕೆ ಕೂಡುವಾಗ ಯಾರಾದರೂ ಮಾತಾಡುತ್ತಿರಲೆಂದು ರೇಡಿಯೊ ಹಚ್ಚಿಕೊಳ್ಳುತ್ತೇನೆ. ಹೆಚ್ಚಾಗಿ ಮಾರುಕಟ್ಟೆ ಧಾರಣೆ ಹೇಳುತ್ತಿರುತ್ತಾರೆ, ಅದನ್ನೇ ಕೇಳುತ್ತ ಉಣ್ಣುತ್ತೇನೆ. ನೀನಿಲ್ಲದೆ ನನಗೆ ಬಹಳ ಬೇಸರವಾಗಿದೆ. ಇದನ್ನು ಸುತ್ತಿ ಬಳಸಿ ಬರೆಯಲು ನನಗೆ ಬರುವುದಿಲ್ಲ.

ನಿನ್ನ ದಾರಿ ನೋಡುತ್ತಿರುವ
ದೌಲತರಾಯ

ತಾ.ಕ.: ಅಂಚೆ ಡಬ್ಬಿಯ ತನಕ ಹೋಗಿ ತಿರುಗಿ ಬಂದು, ಲಕೋಟೆ ಒಡೆದು ಇದನ್ನು ಬರೆಯುತ್ತಿದ್ದೇನೆ. ಮೇಲೆ ಬರೆದದ್ದು ಸುಳ್ಳು. ನೀನು ಮೊದಲ ಸಲ ಕೂಗಿದಾಗಲೇ ಪಡಸಾಲೆಗೆ ಪಡಸಾಲೆಯೇ ಓಗೊಟ್ಟಿತು. ಪಕ್ಕದ ಮನೆಯ ಗಂಗುಬಾಯಿ ತಂಬಿಗೆ ಹಿಡಿದು ಟಿ.ವಿ.ಯ ಮುಂದೆ ನೀರು ಚಿಮುಕಿಸಲು ಎದ್ದಳು. ದಾವಲಸಾಬ ಅಡ್ಡ ಬಂದು "ಕರೆಂಟ್ ಅದರಿ ಅವ್ವಾರ, ನೀರ್ ಹಾಕಬ್ಯಾಡ್ರಿ" ಎಂದು ಬೇಡಿಕೊಂಡ. ಮುಗಿದ ಮೇಲೆ ಎಲ್ಲರೂ ಸೇರಿ ಮತ್ತೊಮ್ಮೆ ಹಚ್ಚಿಸಿದರು. ಆಗ ಅವ್ವನೂ ಓಗೊಟ್ಟಳು, ದಾವಲಸಾಬನೂ ಓಗೊಟ್ಟ. ಬಾಯಿ ತೆರೆದರೆ ಎಲ್ಲಿ ನೀನು ಬರುವುದು ತಪ್ಪುತ್ತದೋ ಎಂದು ಸುಮ್ಮನೆ ಕುಳಿತವನು ನಾನೊಬ್ಬನೇ.